ಧೈರ್ಯಕ್ಕೂ ಒಂದು ನೆಲೆ ಬೇಕು

ಟೆಲಿವಿಷನ್ ಸುದ್ದಿಯ ಚರಿತ್ರೆಯಲ್ಲಿ 1954ರ ಮಾರ್ಚ್ 9ರ ರಾತ್ರಿಗೆ ಪುರಾಣದ ಸ್ಥಾನವಿದೆ. ಅಮೆರಿಕದ ಸಿಬಿಎಸ್ ಸಂಸ್ಥೆಯ ಪತ್ರಕರ್ತ ಎಡ್ವರ್ಡ್ ಆರ್. ಮರೋ ಅಂದು ಅರ್ಧ ಗಂಟೆಯ ಕಾರ್ಯಕ್ರಮವೊಂದರಲ್ಲಿ ಸೆನೆಟರ್ ಜೋಸೆಫ್ ಮೆಕಾರ್ಥಿಯನ್ನು ಎದುರು ಹಾಕಿಕೊಂಡರು. ಕಮ್ಯುನಿಸ್ಟರನ್ನು ಹಿಡಿಯುವ ಹೆಸರಿನಲ್ಲಿ ಅಧಿಕಾರಿಗಳು, ಅಧ್ಯಾಪಕರು, ಸೈನಿಕರ ಬದುಕಿಗೆ ನಾಲ್ಕು ವರ್ಷಗಳಿಂದ ಅನುಮಾನದ ಮಸಿ ಬಳಿಯುತ್ತಿದ್ದ ರಾಜಕಾರಣಿ ಆತ. ಅದೇ ವರ್ಷದ ಡಿಸೆಂಬರ್ 2ರಂದು ಸೆನೆಟ್ 67–22 ಮತಗಳಿಂದ ಆತನನ್ನು ಖಂಡಿಸಿ ನಿರ್ಣಯ ಮಾಡಿತು. ಒಬ್ಬ ಧೀರ ಪತ್ರಕರ್ತ, ಒಬ್ಬ ಬೆದರಿಕೆಯ ರಾಜಕಾರಣಿ, ನಡುವೆ ಒಂದು ಕ್ಯಾಮೆರಾ. ಹೀಗೆ ಹೇಳಿದರೆ ಕಥೆ ಮನಸ್ಸಿಗೆ ಹತ್ತುತ್ತದೆ. 2005ರಲ್ಲಿ ಜಾರ್ಜ್ ಕ್ಲೂನಿ ಇದನ್ನೇ ಸಿನಿಮಾ ಮಾಡಿದರು. ಪತ್ರಕರ್ತರಾಗಬೇಕೆಂದು ಬರುವ ಹುಡುಗ ಹುಡುಗಿಯರಿಗೆ ಇಂದಿಗೂ ಈ ಕಥೆ ಸ್ಫೂರ್ತಿ ಕೊಡುತ್ತದೆ, ಕೊಡಬೇಕು ಕೂಡ.

ಆದರೆ ಆ ಒಂದು ರಾತ್ರಿಯನ್ನೇ ದಿಟ್ಟಿಸುತ್ತ ಕೂತರೆ ಮರೋ ಅವರ ಬದುಕು ಕಲಿಸುವ ದೊಡ್ಡ ಪಾಠ ತಪ್ಪಿಹೋಗುತ್ತದೆ. ಅದಕ್ಕೆ ಹಿಂದಿನ ಹದಿನಾರು ವರ್ಷಗಳನ್ನೂ ಮುಂದಿನ ಏಳು ವರ್ಷಗಳನ್ನೂ ಸೇರಿಸಿ ನೋಡಬೇಕು. ಆಗ ಕಾಣುವುದು ಇಷ್ಟು: ಅವರ ಧೈರ್ಯ ಮೊದಲಿನಿಂದ ಕೊನೆಯವರೆಗೆ ಹೆಚ್ಚುಕಡಿಮೆ ಒಂದೇ ಮಟ್ಟದಲ್ಲಿತ್ತು, ಅದನ್ನು ಬಳಸಲು ಸಿಕ್ಕ ಅವಕಾಶ ಮಾತ್ರ ಹಿಗ್ಗುತ್ತ ಕುಗ್ಗುತ್ತ ಹೋಯಿತು. ಸುದ್ದಿಯ ಆರೋಗ್ಯಕ್ಕೆ ಧೀರರನ್ನು ಹುಡುಕುವುದು ಸಾಲದು, ಅವರು ನಿಲ್ಲಬಲ್ಲ ನೆಲವನ್ನು ಕಟ್ಟಬೇಕು. ಈ ಮಾತಿಗೆ ಮರೋ ಅವರ ವೃತ್ತಿಜೀವನಕ್ಕಿಂತ ಬಲವಾದ ಸಾಕ್ಷಿ ನನಗೆ ಗೊತ್ತಿಲ್ಲ.

ಮರೋ ಪತ್ರಕರ್ತರಾಗಿ ತರಬೇತಿ ಪಡೆದವರಲ್ಲ. 1908ರ ಏಪ್ರಿಲ್ 25ರಂದು ನಾರ್ತ್ ಕೆರೊಲಿನಾದ ಒಂದು ಕ್ವೇಕರ್ ರೈತ ಕುಟುಂಬದಲ್ಲಿ ಹುಟ್ಟಿದರು. ಬಾಲ್ಯದಲ್ಲೇ ಕುಟುಂಬ ದೇಶದ ಇನ್ನೊಂದು ತುದಿಯ ವಾಷಿಂಗ್ಟನ್ ರಾಜ್ಯಕ್ಕೆ, ಮರ ಕಡಿಯುವವರ ಸೀಮೆಗೆ ವಲಸೆ ಹೋಯಿತು. ಅಲ್ಲಿನ ರಾಜ್ಯ ಕಾಲೇಜಿನಲ್ಲಿ ಐಡಾ ಲೂ ಆಂಡರ್ಸನ್ ಎಂಬ ಅಧ್ಯಾಪಕಿ ಅವರಿಗೆ ಮಾತಿನ ಕಲೆ ಕಲಿಸಿದರು. ಪದವಿಯ ನಂತರ ಮರೋ ನ್ಯೂಯಾರ್ಕಿನ ಒಂದು ಅಂತರರಾಷ್ಟ್ರೀಯ ಶಿಕ್ಷಣ ಸಂಸ್ಥೆಯಲ್ಲಿ ಕೆಲಸಕ್ಕೆ ಸೇರಿದರು. ಹಿಟ್ಲರ್ ಅಧಿಕಾರಕ್ಕೆ ಬಂದ ಮೇಲೆ ಜರ್ಮನಿಯ ವಿಶ್ವವಿದ್ಯಾಲಯಗಳಿಂದ ಹೊರದಬ್ಬಲ್ಪಟ್ಟ ವಿದ್ವಾಂಸರಿಗೆ ಅಮೆರಿಕದಲ್ಲಿ ನೆಲೆ ಹುಡುಕುವ ಸಮಿತಿಯ ಕೆಲಸವನ್ನೂ ಅಲ್ಲಿ ಮಾಡಿದರು. ಸುಶಿಕ್ಷಿತ ದೇಶವೊಂದು ಎಷ್ಟು ಬೇಗ ತನ್ನ ಪಂಡಿತರನ್ನೇ ಬೇಟೆಯಾಡಬಲ್ಲದು ಎಂಬುದನ್ನು ಅವರು ಇಪ್ಪತ್ತೈದರ ಆಸುಪಾಸಿನಲ್ಲೇ ಹತ್ತಿರದಿಂದ ಕಂಡಿದ್ದರು. ಮೆಕಾರ್ಥಿಯ ಕಾಲ ಬಂದಾಗ ಅವರಿಗೆ ಅದರ ಗುರುತು ಹತ್ತಿದ್ದರಲ್ಲಿ ಆಶ್ಚರ್ಯವಿಲ್ಲ.

1935ರಲ್ಲಿ ಸಿಬಿಎಸ್ ರೇಡಿಯೋ ಸೇರಿದಾಗ ಅವರ ಕೆಲಸ ತಾವು ಮಾತಾಡುವುದಾಗಿರಲಿಲ್ಲ, ಮಾತಾಡುವವರನ್ನು ಗೊತ್ತುಮಾಡುವುದಾಗಿತ್ತು. 1937ರಲ್ಲಿ ಲಂಡನ್ನಿಗೆ ಹೋದದ್ದೂ ಆ ಹೊಣೆಯ ಮೇಲೆಯೇ. ವಿಲಿಯಂ ಶೈರರ್ ಎಂಬ ಅನುಭವಿ ವರದಿಗಾರರನ್ನು ಅವರು ಜೊತೆಗೆ ಸೇರಿಸಿಕೊಂಡರು. 1938ರ ಮಾರ್ಚ್‌ನಲ್ಲಿ ಹಿಟ್ಲರನ ಸೇನೆ ಆಸ್ಟ್ರಿಯಾಕ್ಕೆ ನುಗ್ಗಿದಾಗ ಎಲ್ಲವೂ ಬದಲಾಯಿತು. ವಿಯೆನ್ನಾದಲ್ಲಿದ್ದ ಶೈರರ್‌ಗೆ ಅಲ್ಲಿಂದ ಪ್ರಸಾರ ಮಾಡಲು ಬಿಡಲಿಲ್ಲ. ಅವರು ಲಂಡನ್ನಿಗೆ ಹಾರಿದರು. ಪೋಲೆಂಡಿನಲ್ಲಿದ್ದ ಮರೋ ಬರ್ಲಿನ್‌ನಿಂದ ಒಂದು ಇಡೀ ವಿಮಾನವನ್ನೇ ಬಾಡಿಗೆಗೆ ಹಿಡಿದು, ಒಬ್ಬರೇ ಪ್ರಯಾಣಿಕರಾಗಿ ವಿಯೆನ್ನಾಕ್ಕೆ ಬಂದರು. ಮಾರ್ಚ್ 13ರ ರಾತ್ರಿ ಲಂಡನ್, ಪ್ಯಾರಿಸ್, ವಿಯೆನ್ನಾ ಮುಂತಾದ ರಾಜಧಾನಿಗಳಿಂದ ವರದಿಗಾರರು ಒಬ್ಬರಾದ ಮೇಲೊಬ್ಬರು ನೇರವಾಗಿ ಮಾತಾಡಿದರು. ಬೇರೆ ಬೇರೆ ಊರುಗಳ ವರದಿಗಾರರನ್ನು ಒಂದೇ ಸುದ್ದಿಯಲ್ಲಿ ಜೋಡಿಸುವ ಇಂದಿನ ಪದ್ಧತಿಯ ಬೇರು ಅಲ್ಲಿದೆ.

ಆಮೇಲೆ ಬಂದದ್ದು ಲಂಡನ್ನಿನ ಬಾಂಬುಗಳ ಕಾಲ. 1940ರ ಸೆಪ್ಟೆಂಬರ್ 7ರಿಂದ ಜರ್ಮನ್ ವಿಮಾನಗಳು 57 ರಾತ್ರಿ ಬಿಡದೆ ಆ ನಗರದ ಮೇಲೆ ಬಾಂಬು ಸುರಿದವು. ಮರೋ ಕಟ್ಟಡಗಳ ಛಾವಣಿ ಹತ್ತಿ, ಕಂಡದ್ದನ್ನು ಕಂಡಂತೆ ಅಮೆರಿಕಕ್ಕೆ ಹೇಳಿದರು. ಅನುಮತಿಗಾಗಿ ಬ್ರಿಟಿಷ್ ಅಧಿಕಾರಿಗಳೊಡನೆ ಬಹಳ ದಿನ ಹೆಣಗಬೇಕಾಯಿತು. ಟ್ರಫಾಲ್ಗರ್ ಚೌಕದ ಬಳಿ ಒಂದು ರಾತ್ರಿ ಮೈಕನ್ನು ನೆಲದ ಸಮೀಪಕ್ಕಿಳಿಸಿ, ಅಪಾಯದ ಸೈರನ್ ಕೂಗುತ್ತಿದ್ದಾಗಲೂ ಓಡದೆ ಆಶ್ರಯತಾಣದತ್ತ ನಡೆದು ಹೋಗುತ್ತಿದ್ದ ಜನರ ಹೆಜ್ಜೆಸಪ್ಪಳ ಕೇಳಿಸಿದರು. ಜನ ಗಟ್ಟಿಯಾಗಿದ್ದಾರೆ ಎಂದು ಹತ್ತು ವಿಶೇಷಣ ಹಾಕಿ ಹೇಳುವ ಬದಲು ಆ ಸಪ್ಪಳವನ್ನೇ ಸಾಕ್ಷಿ ಹೇಳಲು ಬಿಟ್ಟರು. ಪ್ರಸಾರದ ಮೊದಲ ವಾಕ್ಯದಲ್ಲಿ ‘ಇದು’ ಎಂದ ಮೇಲೆ ಅರೆಕ್ಷಣ ನಿಂತು ‘ಲಂಡನ್’ ಎನ್ನುವುದು ಅವರ ಗುರುತಾಯಿತು. ಹಾಗೆ ನಿಲ್ಲುವಂತೆ ಸೂಚಿಸಿದವರು ಅದೇ ಹಳೆಯ ಅಧ್ಯಾಪಕಿ ಐಡಾ ಲೂ.

1943ರ ಡಿಸೆಂಬರ್‌ನಲ್ಲಿ ಅವರು ಲ್ಯಾಂಕಾಸ್ಟರ್ ಬಾಂಬರ್ ವಿಮಾನವೊಂದರಲ್ಲಿ ಬರ್ಲಿನ್ ಮೇಲಿನ ದಾಳಿಗೆ ಹೋದರು. ಅಂದು ಹೊರಟ ಪತ್ರಕರ್ತರಲ್ಲಿ ಎಲ್ಲರೂ ಹಿಂತಿರುಗಲಿಲ್ಲ. 1945ರ ಏಪ್ರಿಲ್ 12ರಂದು, ಬುಖೆನ್‌ವಾಲ್ಡ್ ಯಾತನಾ ಶಿಬಿರ ಬಿಡುಗಡೆಯಾದ ಮರುದಿನ, ಅದರೊಳಗೆ ನಡೆದರು. ಕಟ್ಟಿಗೆ ಒಟ್ಟಿದಂತೆ ಒಟ್ಟಿದ್ದ ಹೆಣಗಳು, ತೋಳಿನ ಮೇಲೆ ಸಂಖ್ಯೆ ಹಚ್ಚೆ ಹಾಕಿಸಿಕೊಂಡಿದ್ದ ಮಕ್ಕಳು. ಕಂಡದ್ದನ್ನು ಹೇಳಲು ಅವರಿಗೆ ಮೂರು ದಿನ ಬೇಕಾಯಿತು. ಏಪ್ರಿಲ್ 15ರ ಪ್ರಸಾರದಲ್ಲಿ ಅವರು ಎಣಿಸಿದ್ದನ್ನು, ಮುಟ್ಟಿದ್ದನ್ನು, ಕೇಳಿಸಿಕೊಂಡದ್ದನ್ನು ಹೇಳಿದರು. ನಂಬಿ ಎಂದು ಕೇಳುಗರನ್ನು ಬೇಡಿಕೊಂಡರು. ಬಹುಭಾಗಕ್ಕೆ ತಮ್ಮಲ್ಲಿ ಮಾತಿಲ್ಲವೆಂದೂ ಒಪ್ಪಿಕೊಂಡರು.

ಈ ವರ್ಷಗಳನ್ನು ಇಷ್ಟು ವಿವರವಾಗಿ ಹೇಳಲು ಕಾರಣವಿದೆ. ಜನ ಮುಂದೆ ಮರೋ ಮಾತಿಗೆ ಕೊಟ್ಟ ಬೆಲೆ ಇಲ್ಲಿ ದುಡಿದದ್ದು. ಘಟನೆಯ ಜಾಗಕ್ಕೆ ತಾನೇ ಹೋಗಿ, ಕಣ್ಣಾರೆ ಕಂಡು, ಕಂಡಷ್ಟನ್ನೇ ಹೇಳುವ ಶಿಸ್ತಿನಿಂದ ಬಂದ ನಂಬಿಕೆ ಅದು. ಸ್ಟುಡಿಯೋದಲ್ಲಿ ಕೂತು ಕೂಗಾಡುವುದರಿಂದ ಪ್ರಸಿದ್ಧಿ ಬರಬಹುದು, ಈ ಬಗೆಯ ನಂಬಿಕೆ ಬರುವುದಿಲ್ಲ. ಇನ್ನೂ ಒಂದು ಮಾತು: ಆ ಕಾಲದಲ್ಲಿ ಅವರಿಗೆ ಕೆಲಸ ಮಾಡಲು ಜಾಗವಿತ್ತು. ಯುದ್ಧದ ಸುದ್ದಿಗಾಗಿ ದೇಶವೇ ಕಿವಿ ತೆರೆದಿತ್ತು. ಸಿಬಿಎಸ್ ಒಡೆಯ ವಿಲಿಯಂ ಪೇಲಿಗೆ ಸುದ್ದಿಯಿಂದ ಬಂದ ಗೌರವ ಲಾಭದಷ್ಟೇ ಮುಖ್ಯವಾಗಿತ್ತು.

ಯುದ್ಧ ಮುಗಿದ ಕೂಡಲೇ ಆ ಜಾಗ ಕುಗ್ಗತೊಡಗಿತು. 1947ರಲ್ಲಿ ಶೈರರ್ ಅವರ ವಾರದ ಕಾರ್ಯಕ್ರಮಕ್ಕೆ ಹಣ ಕೊಡುತ್ತಿದ್ದ ಕ್ಷೌರದ ಸಾಬೂನಿನ ಕಂಪನಿ ಹಿಂದೆ ಸರಿಯಿತು. ಕಾರ್ಯಕ್ರಮದ ಸಮಯ ಕೈತಪ್ಪಿ ಶೈರರ್ ಸಿಬಿಎಸ್ ಬಿಟ್ಟರು. ಆಗ ಸಂಸ್ಥೆಯ ಉಪಾಧ್ಯಕ್ಷ ಸ್ಥಾನದಲ್ಲಿದ್ದವರು ಮರೋ. ಶೈರರ್ ತಮ್ಮ ಅಭಿಪ್ರಾಯಗಳೇ ಇದಕ್ಕೆ ಕಾರಣವೆಂದು ನಂಬಿದರು. ವಿಯೆನ್ನಾದ ದಿನಗಳ ಗೆಳೆತನ ಮತ್ತೆ ಹಳೆಯ ಸ್ಥಿತಿಗೆ ಬರಲಿಲ್ಲ. 1950ರ ಕೊನೆಯಲ್ಲಿ ಸಿಬಿಎಸ್ ತನ್ನ ನೌಕರರೆಲ್ಲ ದೇಶನಿಷ್ಠೆಯ ಹೇಳಿಕೆಗೆ ಸಹಿ ಹಾಕಬೇಕೆಂದಾಗ ಮರೋ ಸಹ ಸಹಿ ಹಾಕಿದರು. ಮುಂದೆ ಮೆಕಾರ್ಥಿಯನ್ನು ಎದುರಿಸಿದವರೂ ಅವರೇ. ಒಬ್ಬನೇ ಮನುಷ್ಯ ಒಂದು ಕಡೆ ತಲೆಬಾಗಿದ, ಇನ್ನೊಂದು ಕಡೆ ತಲೆಯೆತ್ತಿದ. ಎರಡರ ನಡುವೆ ಬದಲಾದದ್ದು ಅವನ ಸ್ವಭಾವವೇ, ಸುತ್ತಲಿನ ಪರಿಸ್ಥಿತಿಯೇ ಎಂದು ನಾವು ಕೇಳಿಕೊಳ್ಳಬೇಕು.

1951ರ ನವೆಂಬರ್ 18ರಂದು ಮರೋ ಮತ್ತು ನಿರ್ಮಾಪಕ ಫ್ರೆಡ್ ಫ್ರೆಂಡ್ಲಿ ‘ಸೀ ಇಟ್ ನೌ’ ಎಂಬ ಟೆಲಿವಿಷನ್ ಕಾರ್ಯಕ್ರಮ ಆರಂಭಿಸಿದರು. ಮೊದಲ ಕಂತಿನಲ್ಲೇ ಅಟ್ಲಾಂಟಿಕ್ ತೀರವನ್ನೂ ಪೆಸಿಫಿಕ್ ತೀರವನ್ನೂ ಒಟ್ಟಿಗೆ ನೇರಪ್ರಸಾರದಲ್ಲಿ ತೋರಿಸಿದರು. ಕಾರ್ಯಕ್ರಮದ ಪ್ರಾಯೋಜಕ ಆಲ್ಕೋವಾ ಎಂಬ ಅಲ್ಯೂಮಿನಿಯಂ ಕಂಪನಿ. ಮನೆಮನೆಗೆ ಸರಕು ಮಾರುವುದಕ್ಕಿಂತ ಜನರ ನಡುವೆ ಒಳ್ಳೆಯ ಹೆಸರು ಗಳಿಸುವುದು ಅದಕ್ಕೆ ಬೇಕಾಗಿತ್ತು. ಹೀಗಾಗಿ ಕಾರ್ಯಕ್ರಮದ ಒಳಗಿನ ವಿಷಯಕ್ಕೆ ಅದು ಕೈ ಹಾಕಲಿಲ್ಲ. ಈ ಆಕಸ್ಮಿಕ ಅನುಕೂಲವೇ ಮುಂದಿನ ಎಲ್ಲ ಶೌರ್ಯಕ್ಕೆ ಅಡಿಪಾಯವಾಯಿತು.

1953ರ ಅಕ್ಟೋಬರ್ 20ರಂದು ಅವರು ಮಿಷಿಗನ್‌ನ ಮೈಲೋ ರಾಡುಲೊವಿಚ್ ಎಂಬ ವಾಯುಪಡೆಯ ಮೀಸಲು ಅಧಿಕಾರಿಯ ಕಥೆ ಹೇಳಿದರು. ತಂದೆ ಓದುತ್ತಿದ್ದ ಸರ್ಬಿಯನ್ ಪತ್ರಿಕೆ, ಸಹೋದರಿಯ ರಾಜಕೀಯ ಒಲವು: ಇವೆರಡರ ಕಾರಣಕ್ಕೆ ಆತನನ್ನು ಭದ್ರತೆಗೆ ಅಪಾಯವೆಂದು ಸಾರಲಾಗಿತ್ತು. ಪುರಾವೆಯನ್ನು ಆತನಿಗೆ ತೋರಿಸಿಯೇ ಇರಲಿಲ್ಲ. ಕಾರ್ಯಕ್ರಮದ ಜಾಹೀರಾತಿಗೆ ಸಿಬಿಎಸ್ ಹಣ ಕೊಡದಿದ್ದಾಗ ಮರೋ ಮತ್ತು ಫ್ರೆಂಡ್ಲಿ ಸ್ವಂತ 1,500 ಡಾಲರ್ ಹಾಕಿ ನ್ಯೂಯಾರ್ಕ್ ಟೈಮ್ಸ್‌ನಲ್ಲಿ ಪ್ರಕಟಿಸಿದರು. ಮುಂದಿನ ತಿಂಗಳೇ ವಾಯುಪಡೆ ತನ್ನ ನಿರ್ಧಾರ ಹಿಂತೆಗೆದುಕೊಂಡಿತು. ನನ್ನ ದೃಷ್ಟಿಯಲ್ಲಿ ಮರೋ ಅವರ ಟೆಲಿವಿಷನ್ ಕೆಲಸದಲ್ಲಿ ಶ್ರೇಷ್ಠವಾದದ್ದು ಇದು. ಹೆಸರಿಲ್ಲದ ಒಬ್ಬ ತರುಣನ ಪ್ರಕರಣದಲ್ಲಿ ಇಡೀ ವ್ಯವಸ್ಥೆಯ ಅನ್ಯಾಯ ಕಾಣುವಂತೆ ಮಾಡಿ, ನಿರ್ದಿಷ್ಟ ಪರಿಹಾರವನ್ನೂ ದೊರಕಿಸಿತು.

ಇನ್ನು ಆ ಪ್ರಸಿದ್ಧ ರಾತ್ರಿ. ಮೆಕಾರ್ಥಿಯ ಭಾಷಣ, ವಿಚಾರಣೆ, ಗದರಿಕೆ, ನಗು ಎಲ್ಲವನ್ನೂ ಆತನದೇ ಚಿತ್ರಗಳಲ್ಲಿ ತೋರಿಸಿ, ಆತನ ಮಾತುಗಳನ್ನು ಆತನದೇ ಮಾತುಗಳಿಂದ, ದಾಖಲೆಗಳಿಂದ ಸುಳ್ಳಾಗಿಸಿದರು. ಕೊನೆಯಲ್ಲಿ ಮರೋ ನೋಡುಗರ ಕಡೆ ತಿರುಗಿ, ಭಿನ್ನಾಭಿಪ್ರಾಯ ದೇಶದ್ರೋಹವಲ್ಲ, ಆರೋಪ ರುಜುವಾತಲ್ಲ ಎಂಬ ಅರ್ಥದ ಮಾತು ಹೇಳಿದರು. ಈ ಭಯವನ್ನು ಹುಟ್ಟಿಸಿದವನು ಮೆಕಾರ್ಥಿಯಲ್ಲ, ಇದ್ದ ಭಯವನ್ನು ಬಳಸಿಕೊಂಡವನು ಮಾತ್ರ ಎಂದು ತಪ್ಪನ್ನು ಇಡೀ ಸಮಾಜದ ಮುಂದಿಟ್ಟರು.

ಈ ಕಾರ್ಯಕ್ರಮದ ಬಗ್ಗೆ ಎರಡು ಗಂಭೀರ ಆಕ್ಷೇಪಗಳಿವೆ. ಮೊದಲನೆಯದು, ಇದು ತಡವಾಯಿತು. ತನ್ನ ಬಳಿ ಕಮ್ಯುನಿಸ್ಟರ ಪಟ್ಟಿಯಿದೆ ಎಂದು ಮೆಕಾರ್ಥಿ ಮಾತೆತ್ತಿದ್ದು 1950ರ ಫೆಬ್ರವರಿಯಲ್ಲಿ. ಡ್ರೂ ಪಿಯರ್ಸನ್‌ರಂಥ ಅಂಕಣಕಾರರು, ಹರ್‌ಬ್ಲಾಕ್‌ರಂಥ ವ್ಯಂಗ್ಯಚಿತ್ರಕಾರರು ಆರಂಭದಿಂದಲೇ ಆತನ ವಿರುದ್ಧ ನಿಂತಿದ್ದರು. ಮರೋ ಕಾರ್ಯಕ್ರಮದ ದಿನವೇ ಆತನ ಪಕ್ಷದ ಸೆನೆಟರ್ ರಾಲ್ಫ್ ಫ್ಲ್ಯಾಂಡರ್ಸ್ ಸದನದಲ್ಲಿ ಆತನನ್ನು ಟೀಕಿಸಿದ್ದರು. ಎರಡನೆಯದು ಇನ್ನೂ ಆಳವಾದದ್ದು. ಮೆಕಾರ್ಥಿಯ ವಿರೋಧಿಯೇ ಆಗಿದ್ದ ವಿಮರ್ಶಕ ಗಿಲ್ಬರ್ಟ್ ಸೆಲ್ಡಿಸ್, ಆರಿಸಿ ಜೋಡಿಸಿದ ಚಿತ್ರಗಳಿಂದ ಒಬ್ಬ ವ್ಯಕ್ತಿಯ ಮೇಲೆ ತೀರ್ಪು ಕೊಡುವ ಈ ಶಕ್ತಿ ನಾಳೆ ಕೆಟ್ಟವರ ಕೈಗೆ ಸಿಕ್ಕರೆ ಏನು ಗತಿ ಎಂಬ ಆತಂಕವನ್ನು ಎತ್ತಿದರು.

ಎರಡೂ ಆಕ್ಷೇಪಗಳಲ್ಲಿ ಸತ್ಯವಿದೆ. ಆದರೂ ಮರೋ ಪರವಾಗಿ ಎರಡು ಮಾತು ಹೇಳಬೇಕು. ಕಾರ್ಯಕ್ರಮದ ಆರಂಭದಲ್ಲೇ ಅವರು ಮೆಕಾರ್ಥಿಗೆ ಉತ್ತರಿಸಲು ಅವಕಾಶ ಕೊಡುವುದಾಗಿ ಹೇಳಿದರು. ಏಪ್ರಿಲ್ 6ರಂದು ಅದೇ ಸಮಯವನ್ನು ಆತನಿಗೆ ಬಿಟ್ಟುಕೊಟ್ಟರು. ಆ ಉತ್ತರದಲ್ಲಿ ಮೆಕಾರ್ಥಿ ಮಾಡಿದ್ದು ಮರೋ ಮೇಲೇ ಹೊಸ ಆರೋಪ. ಇನ್ನೊಂದು, ಅವರು ಬಳಸಿದ ವಸ್ತು ಎಲ್ಲರ ಪರಿಶೀಲನೆಗೆ ಸಿಗುವಂಥದು. ಸುದ್ದಿ ಪಕ್ಷ ವಹಿಸಬಾರದು ಎಂಬುದರ ಅರ್ಥ ಸುಳ್ಳನ್ನೂ ನಿಜವನ್ನೂ ಅಕ್ಕಪಕ್ಕ ಕೂರಿಸಿ ಸಮಾನ ನಿಮಿಷ ಕೊಡಬೇಕೆಂದಲ್ಲ. ಪುರಾವೆ ತೋರಿಸಬೇಕು, ಎದುರಾಳಿಗೆ ಬಾಯಿ ಬಿಡಲು ಅವಕಾಶವಿರಬೇಕು, ತನ್ನ ಅಭಿಪ್ರಾಯವನ್ನು ಅಭಿಪ್ರಾಯವೆಂದೇ ಹೇಳಬೇಕು. ಈ ಮೂರನ್ನೂ ಪಾಲಿಸಿದವರು ತೀರ್ಪು ಕೊಡುವ ಹಕ್ಕನ್ನು ದುಡಿದುಕೊಂಡಿರುತ್ತಾರೆ.

ಕಥೆ ಹೇಳುವವರು ಸಾಮಾನ್ಯವಾಗಿ ಬಿಡುವ ಒಂದು ವಿವರ ಇಲ್ಲಿದೆ. ಏಪ್ರಿಲ್‌ನಿಂದ ಜೂನ್‌ವರೆಗೆ ಸೈನ್ಯ ಮತ್ತು ಮೆಕಾರ್ಥಿ ನಡುವಿನ ಸೆನೆಟ್ ವಿಚಾರಣೆ ನಡೆಯಿತು. ಮೆಕಾರ್ಥಿಯ ನಿಜರೂಪ ದೇಶದ ಮುಂದೆ ದಿನದಿನವೂ ಬಿಚ್ಚಿಕೊಂಡದ್ದು ಅಲ್ಲಿ. ಅದನ್ನು ಪೂರ್ತಿಯಾಗಿ ನೇರಪ್ರಸಾರ ಮಾಡಿದ್ದು ಎಬಿಸಿ ಮತ್ತು ಡ್ಯೂಮಾಂಟ್ ಎಂಬ ಚಿಕ್ಕ ಜಾಲಗಳು. ಹಗಲಿನ ಧಾರಾವಾಹಿಗಳಿಂದ ಒಳ್ಳೆಯ ಆದಾಯವಿದ್ದ ಸಿಬಿಎಸ್ ತನ್ನ ಹಗಲನ್ನು ಬಿಟ್ಟುಕೊಡಲಿಲ್ಲ. ಮರೋ ಇದ್ದ ಸಂಸ್ಥೆಯೇ ಹೀಗೆ ಮಾಡಿತೆಂದರೆ, ಒಬ್ಬ ಪತ್ರಕರ್ತನ ಎತ್ತರದಿಂದ ಅವನ ಸಂಸ್ಥೆಯ ಎತ್ತರವನ್ನು ಅಳೆಯಲಾಗದು.

1955ರಲ್ಲಿ ಆಲ್ಕೋವಾ ಹಿಂದೆ ಸರಿಯಿತು. ಅದೇ ವರ್ಷದ ಜೂನ್‌ನಲ್ಲಿ, ‘ಸೀ ಇಟ್ ನೌ’ಗೆ ಮುಂಚಿನ ಅರ್ಧ ಗಂಟೆಯಲ್ಲಿ 64,000 ಡಾಲರ್ ಬಹುಮಾನದ ಕ್ವಿಜ್ ಶುರುವಾಗಿ ದೇಶವೇ ಅದಕ್ಕೆ ಮುಗಿಬಿದ್ದಿತು. ಪಕ್ಕದ ಅರ್ಧ ಗಂಟೆಯ ಬೆಲೆಯೂ ಏರಿತು. ಅಷ್ಟು ಬೆಲೆಯ ಸಮಯದಲ್ಲಿ ಗಂಭೀರ ಸುದ್ದಿಯನ್ನು ಇಟ್ಟುಕೊಳ್ಳುವುದು ಸಂಸ್ಥೆಗೆ ನಷ್ಟವಾಗಿ ಕಂಡಿತು. ಕಾರ್ಯಕ್ರಮ ತನ್ನ ವಾರದ ಸ್ಥಾನ ಕಳೆದುಕೊಂಡು ಆಗೊಮ್ಮೆ ಈಗೊಮ್ಮೆ ಬರುವಂತಾಯಿತು. 1958ರ ಜುಲೈನಲ್ಲಿ ನಿಂತೇಹೋಯಿತು. ಅದನ್ನು ಯಾವ ಸೆನೆಟರನೂ ನಿಷೇಧಿಸಲಿಲ್ಲ. ಬೆಲೆಪಟ್ಟಿಯೊಂದೇ ಸಾಕಾಯಿತು. ಇದೇ ವರ್ಷಗಳಲ್ಲಿ ಮರೋ ‘ಪರ್ಸನ್ ಟು ಪರ್ಸನ್’ ಎಂಬ ಇನ್ನೊಂದು ಕಾರ್ಯಕ್ರಮದಲ್ಲಿ ಸಿನಿಮಾ ತಾರೆಯರ ಮನೆಗಳನ್ನು ತೋರಿಸುತ್ತ ಅವರೊಡನೆ ಹರಟುತ್ತಿದ್ದರು. ಹೆಚ್ಚು ಜನ ನೋಡಿದ್ದು ಅದನ್ನೇ. ಒಂದರ ಜನಪ್ರಿಯತೆ ಇನ್ನೊಂದನ್ನು ಉಳಿಸಲಿಲ್ಲ.

1958ರ ಅಕ್ಟೋಬರ್ 15ರಂದು ಷಿಕಾಗೋದಲ್ಲಿ ಸುದ್ದಿ ನಿರ್ದೇಶಕರ ಸಮ್ಮೇಳನದಲ್ಲಿ ಮರೋ ಮಾತಾಡಿದರು. ಮನರಂಜನೆ, ಜಾಹೀರಾತು, ಸುದ್ದಿ ಈ ಮೂರನ್ನೂ ಒಂದೇ ಸಂಸ್ಥೆಯೊಳಗೆ ಕಟ್ಟಿಹಾಕಿದರೆ ಧೂಳು ಎಂದಿಗೂ ಅಡಗುವುದಿಲ್ಲ ಎಂದರು. ದೊಡ್ಡ ಕಂಪನಿಗಳು ವರ್ಷಕ್ಕೆ ಒಂದೆರಡು ಸಲ ತಮ್ಮ ಕಾರ್ಯಕ್ರಮದ ಸಮಯವನ್ನು, ಸರಕಿನ ಮಾತೆತ್ತದೆ, ಸಾರ್ವಜನಿಕ ವಿಷಯಗಳಿಗೆ ಬಿಟ್ಟುಕೊಡಲಿ ಎಂದು ಬೇಡಿದರು. ಕಲಿಸಲು, ಎಚ್ಚರಿಸಲು ಬಳಸದಿದ್ದರೆ ಟೆಲಿವಿಷನ್ ತಂತಿ ದೀಪಗಳ ಡಬ್ಬಿಯಷ್ಟೇ ಎಂಬುದು ಆ ಭಾಷಣದ ಸಾರ. ಆ ಮಾತು ಎಲ್ಲರ ಬಾಯಲ್ಲಿ ಉಳಿಯಿತು, ಅದರ ಹಿಂದಿನ ಬೇಡಿಕೆ ಮರೆತುಹೋಯಿತು. ಮರುವರ್ಷದ ಹೊತ್ತಿಗೆ ಆ ಕ್ವಿಜ್‌ಗಳಲ್ಲಿ ಮೊದಲೇ ಉತ್ತರ ಹೇಳಿಕೊಡುತ್ತಿದ್ದ ಹಗರಣ ಬಯಲಾಯಿತು.

1958ರ ಆ ಅಕ್ಟೋಬರ್‌ನಲ್ಲೇ ಶುರುವಾದ ‘ಸ್ಮಾಲ್ ವರ್ಲ್ಡ್’ನ ಮೊದಲ ಕಂತಿನಲ್ಲಿ ಮರೋ ದೆಹಲಿಯಲ್ಲಿದ್ದ ನೆಹರೂ, ಇಟಲಿಯಲ್ಲಿದ್ದ ಆಲ್ಡಸ್ ಹಕ್ಸ್‌ಲಿ, ಅಮೆರಿಕದ ರಾಜಕಾರಣಿ ಥಾಮಸ್ ಡ್ಯೂಯಿ ಅವರನ್ನು ಒಂದೇ ಸಂಭಾಷಣೆಯಲ್ಲಿ ಕೂಡಿಸಿದ್ದರು. 1960ರ ನವೆಂಬರ್ 25ರಂದು, ದೇಶ ಹಬ್ಬದೂಟ ಮುಗಿಸಿದ ಮರುದಿನ, ‘ಹಾರ್ವೆಸ್ಟ್ ಆಫ್ ಶೇಮ್’ ಪ್ರಸಾರವಾಯಿತು. ಆ ಊಟದ ಧಾನ್ಯ ತರಕಾರಿ ಕೊಯ್ಯುವ ವಲಸೆ ಕೂಲಿಕಾರರ ಹಸಿವನ್ನು ಅದು ತೋರಿಸಿತು. ಸಾಕ್ಷಿ ಹೇಳುವ ಮರೋ ಶಕ್ತಿ ಒಂದಿಷ್ಟೂ ಕುಂದಿರಲಿಲ್ಲ. ಅದಕ್ಕೆ ಸಂಸ್ಥೆಯಲ್ಲಿ ಉಳಿದಿದ್ದ ಜಾಗ ಮಾತ್ರ ತೀರ ಸಣ್ಣದು.

1961ರಲ್ಲಿ ಅವರು ಸಿಬಿಎಸ್ ಬಿಟ್ಟು, ಅಧ್ಯಕ್ಷ ಕೆನಡಿಯ ಕರೆಯ ಮೇಲೆ ಅಮೆರಿಕದ ಮಾಹಿತಿ ಸಂಸ್ಥೆಯ ಮುಖ್ಯಸ್ಥರಾದರು. ಅಲ್ಲಿ ಕೂತ ಆರಂಭದಲ್ಲೇ ಬ್ರಿಟನ್ನಿನ ಬಿಬಿಸಿಗೆ ಒಂದು ಕೋರಿಕೆ ಕಳಿಸಿದರು: ‘ಹಾರ್ವೆಸ್ಟ್ ಆಫ್ ಶೇಮ್’ ಅನ್ನು ಪ್ರಸಾರ ಮಾಡಬೇಡಿ. ದೇಶದ ಮಾನ ಹೋಗುತ್ತದೆ ಎಂಬ ಅಂಜಿಕೆ. ತಾವೇ ಮಾಡಿದ ಕೆಲಸವನ್ನು ತಾವೇ ತಡೆಯಲು ಹೊರಟಿದ್ದರು. ಬಿಬಿಸಿ ಒಪ್ಪಲಿಲ್ಲ, ಪ್ರಸಾರ ಮಾಡಿತು. ಮರೋ ಆಮೇಲೆ ಈ ಕೋರಿಕೆಗಾಗಿ ಪಶ್ಚಾತ್ತಾಪಪಟ್ಟರು.

ಈ ಪುಟ್ಟ ಘಟನೆಯನ್ನು ಅವರ ಜೀವನಕ್ಕೆ ಅಂಟಿದ ಕಲೆಯೆಂದು ಪಕ್ಕಕ್ಕಿಡುವವರಿದ್ದಾರೆ. ನನಗೆ ಅದು ಇಡೀ ಬದುಕಿನ ತಿರುಳಾಗಿ ಕಾಣುತ್ತದೆ. ಯುದ್ಧದಲ್ಲಿ ಸಾವಿಗೆ ಹೆದರದ, ಸೆನೆಟರನಿಗೆ ಹೆದರದ ಮನುಷ್ಯ ಸರ್ಕಾರದ ಕುರ್ಚಿಯಲ್ಲಿ ಕೂತಾಗ ಆ ಕುರ್ಚಿಯ ಭಾಷೆಯನ್ನೇ ಆಡಿದ. ಮಾರುಕಟ್ಟೆಯ ಅಡಿಯಲ್ಲಿ ಅವರ ದನಿ ಉಡುಗಿತು, ಸರ್ಕಾರದ ಅಡಿಯಲ್ಲಿ ಅದೇ ದನಿ ತಿರುಗಿಬಿತ್ತು. ಅಂದು ಮರೋ ಕೃತಿಯನ್ನು ಮರೋ ಕೈಯಿಂದಲೇ ಕಾಪಾಡಿದ್ದು ಒಂದು ಸಂಸ್ಥೆ. ಅದರ ಹಣ ಜಾಹೀರಾತಿನಿಂದ ಬರುತ್ತಿರಲಿಲ್ಲ, ಜನ ಕಟ್ಟುವ ಲೈಸೆನ್ಸ್ ಶುಲ್ಕದಿಂದ ಬರುತ್ತಿತ್ತು. ಸುದ್ದಿಯ ತೀರ್ಮಾನ ಸರ್ಕಾರದ್ದಾಗಿರಲಿಲ್ಲ, ಸಂಪಾದಕರದಾಗಿತ್ತು. ಅಂಥ ಕಡೆ ಒಬ್ಬ ಸಾಮಾನ್ಯ ಅಧಿಕಾರಿಯೂ ಜಗತ್ಪ್ರಸಿದ್ಧ ಮರೋಗೆ ಆಗುವುದಿಲ್ಲ ಎನ್ನಬಲ್ಲ.

ಇದನ್ನು ಒಪ್ಪದವರು ಕೇಳುವ ಪ್ರಶ್ನೆ ನ್ಯಾಯವಾದದ್ದೇ: ಜನ ನೋಡದ ಸುದ್ದಿಗೆ ಯಾರು, ಏಕೆ ಹಣ ಕೊಡಬೇಕು? ಮಾರುಕಟ್ಟೆ ಜನರ ಆಯ್ಕೆಯನ್ನೇ ತಾನೆ ಹೇಳುತ್ತದೆ? ಹಾಗೆ ಹೇಳುವಾಗ ಅದು ಎಣಿಸುವುದು ನೋಡುಗರ ತಲೆಗಳನ್ನು ಮಾತ್ರ. ರಾಡುಲೊವಿಚ್ ಪ್ರಕರಣ ನೋಡಿದವರು ಕ್ವಿಜ್ ನೋಡಿದವರಿಗಿಂತ ಬಹಳ ಕಡಿಮೆ. ಆದರೆ ಆ ಪ್ರಸಾರದಿಂದ ಕಾಪಾಡಲ್ಪಟ್ಟ ಹಕ್ಕು ನೋಡದವರಿಗೂ ಸೇರಿದ್ದು. ಊರಿನ ಕೆರೆಯ ನೀರು ಶುದ್ಧವಾಗಿರಲು ಕೊಡುವ ಹಣವನ್ನು ಅಂದು ಎಷ್ಟು ಜನ ನೀರು ಸೇದಿದರೆಂದು ಲೆಕ್ಕಹಾಕಿ ಯಾರೂ ನಿರ್ಧರಿಸುವುದಿಲ್ಲ.

ಭಾರತದಲ್ಲಿ ಈ ಚರ್ಚೆಗೆ ಕಾನೂನಿನ ಬುನಾದಿಯೇ ಇದೆ. 1995ರ ಫೆಬ್ರವರಿಯಲ್ಲಿ ಸುಪ್ರೀಂ ಕೋರ್ಟ್, ಬಂಗಾಳದ ಕ್ರಿಕೆಟ್ ಸಂಸ್ಥೆಯ ಪ್ರಕರಣದಲ್ಲಿ, ಬಾನುಲಿ ತರಂಗಗಳು ಸಾರ್ವಜನಿಕ ಆಸ್ತಿ ಎಂದಿತು. ಅವು ಸರ್ಕಾರದ ಸ್ವತ್ತೂ ಅಲ್ಲ, ಹಣವಂತರ ಸ್ವತ್ತೂ ಆಗಬಾರದು ಎಂಬುದು ಆ ತೀರ್ಪಿನ ಆಶಯ. ಆಕಾಶವಾಣಿ, ದೂರದರ್ಶನಗಳಿಗೆ ಸ್ವಾಯತ್ತತೆ ಕೊಡಲು 1990ರಲ್ಲೇ ಪ್ರಸಾರ ಭಾರತಿ ಕಾಯ್ದೆಯಾಗಿತ್ತು, ಜಾರಿಗೆ ಬಂದದ್ದು 1997ರಲ್ಲಿ. ಆದರೂ ಅದರ ಹಣದ ಕೀಲಿ ಇಂದಿಗೂ ಸರ್ಕಾರದ ಕೈಯಲ್ಲೇ ಇದೆ. ಖಾಸಗಿ ಸುದ್ದಿ ಚಾನೆಲ್‌ಗಳ ಬದುಕು ಜಾಹೀರಾತಿನ ಮೇಲೆ, ಅದರಲ್ಲೂ ಸರ್ಕಾರಿ ಜಾಹೀರಾತಿನ ಮೇಲೆ, ಮತ್ತು ಟಿಆರ್‌ಪಿಯ ಮೇಲೆ ನಿಂತಿದೆ. ರೇಟಿಂಗ್ ತಿರುಚಿದ ಆರೋಪಗಳ ನಡುವೆ 2020ರ ಅಕ್ಟೋಬರ್‌ನಲ್ಲಿ ನಿಂತ ಸುದ್ದಿ ಚಾನೆಲ್‌ಗಳ ರೇಟಿಂಗ್ ಮತ್ತೆ ಬಂದದ್ದು 2022ರ ಮಾರ್ಚ್‌ನಲ್ಲಿ. ಆ ಬಿಡುವಿನಲ್ಲಿ ಸುದ್ದಿಗೆ ಬೇರೆ ಬಗೆಯ ಆಸರೆ ಹುಡುಕುವ ಚರ್ಚೆ ನಡೆಯಬೇಕಿತ್ತು. ನಾವು ಮಾತ್ರ ಯಾವ ನಿರೂಪಕ ಯಾರ ಕಡೆ, ಯಾರು ಮಾರಿಕೊಂಡರು, ಯಾರು ಎದ್ದು ನಿಂತರು ಎಂದು ವ್ಯಕ್ತಿಗಳನ್ನೇ ಅಳೆಯುತ್ತ ಕೂತೆವು.

ಮರೋ 1965ರ ಏಪ್ರಿಲ್ 27ರಂದು, 57 ತುಂಬಿದ ಎರಡೇ ದಿನಕ್ಕೆ, ಶ್ವಾಸಕೋಶದ ಕ್ಯಾನ್ಸರ್‌ನಿಂದ ತೀರಿಕೊಂಡರು. ಮರುವರ್ಷ ಫೆಬ್ರವರಿಯಲ್ಲಿ ಸೆನೆಟ್ ವಿಯೆಟ್ನಾಂ ಯುದ್ಧದ ಬಗ್ಗೆ ವಿಚಾರಣೆ ನಡೆಸುತ್ತಿತ್ತು. ಸಿಬಿಎಸ್ ಅದನ್ನು ಬಿಟ್ಟು ‘ಐ ಲವ್ ಲೂಸಿ’ ಎಂಬ ಹಳೆಯ ಹಾಸ್ಯ ಧಾರಾವಾಹಿಯನ್ನು ಮರುಪ್ರಸಾರ ಮಾಡಿತು. ಸಿಬಿಎಸ್ ನ್ಯೂಸ್‌ನ ಅಧ್ಯಕ್ಷರಾಗಿದ್ದ ಫ್ರೆಡ್ ಫ್ರೆಂಡ್ಲಿ ರಾಜೀನಾಮೆ ಕೊಟ್ಟು ಹೊರಬಂದರು. ಮುಂದೆ ಅವರು ಫೋರ್ಡ್ ಫೌಂಡೇಶನ್ನಿನಲ್ಲಿದ್ದು ಸಾರ್ವಜನಿಕ ಟೆಲಿವಿಷನ್ ಕಟ್ಟುವ ಕೆಲಸಕ್ಕೆ ಕೈಜೋಡಿಸಿದರು. 1967ರಲ್ಲಿ ಅಮೆರಿಕದಲ್ಲಿ ಸಾರ್ವಜನಿಕ ಪ್ರಸಾರ ಕಾಯ್ದೆ ಬಂತು. ಮರೋ ಜೊತೆ ದುಡಿದ ಮನುಷ್ಯ ಅವರ ಬದುಕಿನಿಂದ ಕಲಿತದ್ದು ಇದನ್ನೇ.

ನಮಗೂ ದಾರಿ ಇಲ್ಲವೆಂದಲ್ಲ. ಪ್ರಸಾರ ಭಾರತಿಗೆ ಶಾಸನದಿಂದಲೇ ಗೊತ್ತುಮಾಡಿದ, ಮಂತ್ರಿಗಳು ಕಡಿತ ಮಾಡಲಾಗದ ಹಣ ಬೇಕು. ಸರ್ಕಾರಿ ಜಾಹೀರಾತಿನ ಹಂಚಿಕೆ ಹೊಗಳಿಕೆಗೆ ಬಹುಮಾನವಾಗದಂತೆ ಬಹಿರಂಗ ನಿಯಮ ಬೇಕು. ಸುದ್ದಿ ಮನೆಯ ಸಂಪಾದಕರನ್ನು ಒಡೆಯರು ಮನಬಂದಂತೆ ತೆಗೆಯಲಾಗದ ರಕ್ಷಣೆ ಬೇಕು. ಓದುಗರು, ನೋಡುಗರು ಸುದ್ದಿಗೆ ನೇರವಾಗಿ ಹಣ ಕೊಡುವ ರೂಢಿ ಬೆಳೆಯಬೇಕು. ಇವು ಯಾವುವೂ ಸಿನಿಮಾ ಆಗುವಂಥ ಸಂಗತಿಗಳಲ್ಲ. ಆದರೆ ಮುಂದಿನ ಮರೋ ಎದ್ದು ನಿಂತಾಗ ಅವನ ಕಾಲಕೆಳಗೆ ನೆಲವಿರುತ್ತದೆಯೋ ಇಲ್ಲವೋ ಎಂಬುದನ್ನು ಇವೇ ನಿರ್ಧರಿಸುತ್ತವೆ. ಧೀರರನ್ನು ಕೊಂಡಾಡುವುದು ಸುಲಭದ ಕೆಲಸ. ಅವರು ಧೀರರಾಗಿದ್ದೂ ಕೆಲಸದಲ್ಲಿ ಉಳಿಯಬಲ್ಲ ಸಂಸ್ಥೆ ಕಟ್ಟುವುದು ನಾಗರಿಕರ ಪಾಲಿನ ಹೊಣೆ, ಅದನ್ನು ಪತ್ರಕರ್ತರ ಹೆಗಲಿಗೆ ಹೊರಿಸಿ ನಾವು ಪಾರಾಗಲಾರೆವು.